ಒಲೆಗೆ ತೊಡಿಸಿದ ತಗಡು

ಗ್ಯಾಸ್ ಒಲೆ ರಿಪೇರಿಯವನನ್ನು ಊರೆಲ್ಲ ‘ನೀಲಿ ಮೇಸ್ತ್ರಿ’ ಎಂದೇ ಕರೆಯುತ್ತಿತ್ತು. ಉರಿ ನೀಲಿಗೆ ತಿರುಗುವ ತನಕ ಆಸಾಮಿ ಯಾರ ಮನೆಯಿಂದಲೂ ಕಾಲು ಕೀಳುತ್ತಿರಲಿಲ್ಲ. ಬರ್ನರಿನ ತೂತುಗಳನ್ನು ಸೂಜಿಯಿಂದ ಕೆದಕುತ್ತಾ, ಯಾರು ಕೇಳಲಿ ಬಿಡಲಿ, ಪಾಠ ಶುರು.

“ನೋಡೀಮ್ಮಾ, ಗ್ಯಾಸು ಗಾಳಿ ಜೊತೆ ಸರಿಯಾಗಿ ಸೇರಿ ಉರಿದ್ರೆ ಕೊಡೋ ಶಾಖ ಇಷ್ಟೇ ಅಂತ ನಿಗದಿ. ಗೋಗರೆದ್ರೂ ಹೆಚ್ಚು ಕೊಡಲ್ಲ. ಅದ್ರಲ್ಲೂ ಅರ್ಧ ಪಾತ್ರೆಗೆ ಸೇರದೆ ಪಕ್ಕದಿಂದ ಪರಾರಿ!”

ಆ ಪರಾರಿಯಾಗುವ ಅರ್ಧ ಅವನ ನಿದ್ದೆಗೆಡಿಸಿತ್ತು. ಕೊನೆಗೆ ಎರಡು ಪದರದ ತಗಡನ್ನು ಬಳೆಯ ಹಾಗೆ ಬಗ್ಗಿಸಿ, ಕೆಳಗೆ ಗಾಳಿಗೆ ಕಿಂಡಿ ಬಿಟ್ಟು, ಮೊದಲು ಸ್ವಂತ ಮನೆಯ ಒಲೆಗೇ ತೊಡಿಸಿದ. ನೀರು ಎಂದಿಗಿಂತ ಬೇಗ ಕುದಿಯಿತು. ಹೊರಗೆ ಬಿಸಿ ಅಷ್ಟಾಗಿ ತಟ್ಟಲೇ ಇಲ್ಲ. ಮೇಸ್ತ್ರಿಯ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಹೆಂಡತಿ “ಚೆನ್ನಾಗಿದೆ ರೀ” ಎಂದಳು. ಅಷ್ಟೇ ಎಂದಳು.

ಅವಳದು ಅಂಗಡಿಯೊಂದರ ಅಂಗಿಗಳಿಗೆ ಗುಂಡಿ ಹೊಲಿಯುವ ಕೆಲಸ. ಗಂಟುನೋವಿನ ಬೆರಳುಗಳು ಚಳಿಗಾಲದ ಬೆಳಿಗ್ಗೆ ಮಡಚುತ್ತಿರಲಿಲ್ಲ. ನೀರು ಕಾಯುವಷ್ಟು ಹೊತ್ತು ಒಲೆಯ ಪಕ್ಕ ಕೈಯೊಡ್ಡಿ ಕೂತು, ಬೆರಳು ಸಡಿಲವಾದ ಮೇಲೆ ಸೂಜಿ ಹಿಡಿಯುತ್ತಿದ್ದಳು. ಎದುರು ಕೂತ ಗಂಡ, ಇವಳು ತನ್ನ ಹರಟೆ ಕೇಳಲೆಂದೇ ಕೂತಿದ್ದಾಳೆ ಎಂದುಕೊಂಡಿದ್ದ ಮಹಾನುಭಾವ! ತಗಡು ಬಂದ ಮೇಲೆ ಅವಳ ಕೆಲಸ ಹಿಂದೆ ಬಿತ್ತು. ಬೇರೆಯವರನ್ನು ನೋಡಿಕೊಳ್ಳುತ್ತೇನೆ ಎಂದು ಅಂಗಡಿಯವನು ಗದರಿ ಹೋದ. ಅದನ್ನೂ ಅವಳು ಗಂಡನಿಗೆ ಹೇಳಲಿಲ್ಲ.

ಒಂದು ಬೆಳಿಗ್ಗೆ ಮೇಸ್ತ್ರಿ ಸ್ಪ್ಯಾನರ್ ಮರೆತು ಅರ್ಧ ದಾರಿಯಿಂದ ಮನೆಗೆ ಮರಳಿದ. ಅಡುಗೆಮನೆಯಲ್ಲಿ ತಗಡು ನೆಲದ ಮೇಲಿತ್ತು. ಹೆಂಡತಿ ಉರಿಯ ಪಕ್ಕ ಬೆರಳು ಚಾಚಿ ಕೂತಿದ್ದಳು. ಇವನನ್ನು ಕಂಡದ್ದೇ, ಕಳ್ಳತನದಲ್ಲಿ ಸಿಕ್ಕಿಬಿದ್ದವಳ ಹಾಗೆ ಗಡಬಡಿಸಿ ತಗಡನ್ನೆತ್ತಿದಳು. ಬೆರಳಿಗೆ ಹಿಡಿತ ಸಾಲದೆ ಅದು ಠಣ್ಣೆಂದು ಬಿತ್ತು.

“ಈಗಷ್ಟೇ ತೆಗೆದೆ ರೀ. ಪೋಲು ಮಾಡ್ತಿರ್ಲಿಲ್ಲ.”

ಮೇಸ್ತ್ರಿ ಅವಳ ಮಡಚದ ಬೆರಳುಗಳನ್ನು ನೋಡಿದ. ತನ್ನದೇ ಒಲೆಯ ಬಿಸಿಯನ್ನು ಅವಳು ಕದಿಯಬೇಕಾಯಿತಲ್ಲ!

“ಇಷ್ಟು ನೋಯ್ತಿದೆ ಅಂತ ಬಾಯಿಬಿಟ್ಟು ಹೇಳಬಾರ್ದಿತ್ತೇನೆ?”

“ನೀವು ಅಷ್ಟು ಖುಷಿಯಾಗಿದ್ರಿ.”

ಮೇಸ್ತ್ರಿ ತಗಡನ್ನು ಕಾಲಡಿ ಹಾಕಿ ತುಳಿದು ಚಪ್ಪಟೆ ಮಾಡಿದ. ಉರಿ ಏರಿಸಿದ. ಅವಳ ಕೈಗಳನ್ನು ಹಿಡಿದು, ಬಿಸಿ ಹದವಾಗಿ ತಟ್ಟುವ ಕಡೆ ಇಟ್ಟ. ಅತ್ತ ಯಾರದೋ ಮನೆಯಲ್ಲಿ ಒಲೆ ಬಿಚ್ಚಿಟ್ಟುಕೊಂಡು ಇವನ ದಾರಿ ಕಾಯುತ್ತಿದ್ದರು. ಇಲ್ಲಿ ಪಾತ್ರೆಯ ನೀರು ಕುದ್ದು ಕುದ್ದು ಅರ್ಧಕ್ಕಿಳಿಯಿತು. ಊರಿಗೆಲ್ಲ ಉಳಿತಾಯ ಹೇಳುವ ಬಾಯಿ, ಒಲೆ ಆರಿಸು ಎನ್ನಲಿಲ್ಲ.