ಗೆದ್ದವಳಿಗೊಂದು ಶಾಲು

ಮಗಳು ಹೆಚ್ಚು ದಿನ ಬದುಕುವುದಿಲ್ಲ ಎಂದು ಹೆತ್ತ ತಾಯಿಗೆ ಹೇಳಲು ಯಾವ ಹೊತ್ತು ಒಳ್ಳೆಯದು? ಮೂರು ವಾರದಿಂದ ನನ್ನ ತಲೆಯಲ್ಲಿ ಇದೊಂದೇ ಕೂತಿದೆ. ಕುಕ್ಕರ್ ಕೂಗಿದರೂ ಇದೇ, ಮಗ ಋತ್ವಿಕ್‌ನ ಶೂಗೆ ಲೇಸು ಕಟ್ಟುವಾಗಲೂ ಇದೇ. ಸುಮಿತ್ರ ಚಿಕ್ಕಮ್ಮನ ದಿನಚರಿ ನನಗೆ ಬಾಯಿಪಾಠವಾಗಿದೆ. ಎಂಟಕ್ಕೆ ಪೂಜೆ. ಪೂಜೆಗೆ ಮೊದಲು ಇಂಥದ್ದು ಹೇಳಬಾರದು, ಪೂಜೆಯಾದ ಕೂಡಲೇ ಹೇಳಿದರೆ ದೇವರಿಗೇ ಮುಜುಗರ. ಹತ್ತಕ್ಕೆ ನಿನ್ನೆಯ ಧಾರಾವಾಹಿಯ ಮರುಪ್ರಸಾರ. ಹನ್ನೆರಡಕ್ಕೆ ಒಲೆಯ ಮುಂದಿರುತ್ತಾರೆ, ಎಣ್ಣೆ ಕಾಯುತ್ತಿರುತ್ತದೆ, ಹೆದರಿಕೆ. ಊಟವಾದ ಮೇಲೆ ಮಲಗುತ್ತಾರೆ, ಎದ್ದ ಮೇಲೆ ಬಿಪಿ ಮಾತ್ರೆ. ಸಂಜೆ ದೀಪ ಹಚ್ಚುವ ಹೊತ್ತು. ಮಂಗಳವಾರ, ಶುಕ್ರವಾರ ಅಂತೂ ಕೂಡದು. ಹೀಗೆ ಲೆಕ್ಕ ಹಾಕುತ್ತ ಹೋದರೆ ತಿರುವನಂತಪುರದ ಆ ಮನೆಯಲ್ಲಿ ಸಾವಿನ ಸುದ್ದಿಗೆ ಬಿಡುವೇ ಇಲ್ಲ.

ಮಗಳು ಅಂದೆನಲ್ಲ, ಅವಳು ಸಂಹಿತಾ. ನನ್ನ ಚಿಕ್ಕಪ್ಪ ಕೃಷ್ಣಾನಂದರ ಒಬ್ಬಳೇ ಮಗಳು, ಇಪ್ಪತ್ತಮೂರು ವರ್ಷ. ಚಿಕ್ಕಪ್ಪ ಬ್ಯಾಂಕಿನವರು. ಮೈಸೂರಿನಿಂದ ತಿರುವನಂತಪುರಕ್ಕೆ ಮೂರು ವರ್ಷಕ್ಕೆಂದು ವರ್ಗವಾಗಿ ಹೋದವರು ಅಲ್ಲೇ ಉಳಿದರು. ಸಂಹಿತಾ ಹುಟ್ಟಿದ್ದು ಅಲ್ಲಿ, ಓದಿದ್ದು ಅದೇ ಊರಿನ ಶ್ರೀಕಾರ್ಯಂನ ಇಂಜಿನಿಯರಿಂಗ್ ಕಾಲೇಜಿನಲ್ಲಿ. ಹದಿನಾರನೇ ವಯಸ್ಸಿಗೆ ಅವಳ ಮೊಣಕಾಲಿನ ಮೂಳೆಗೆ ಕ್ಯಾನ್ಸರ್ ಬಂತು. ಮೂಳೆ ತೆಗೆದು ಲೋಹ ಕೂಡಿಸಿದರು, ಕೂದಲು ಉದುರಿತು, ಮತ್ತೆ ಬಂತು. ಪರೀಕ್ಷೆಗಳನ್ನು ಬರೆದಳು, ಒಂದೆರಡರಲ್ಲಿ ಫೇಲಾದಳು, ಪಾಸಾದಳು. ಹೋದ ವರ್ಷ ಕೆಲಸ ಸಿಕ್ಕಿ ಕೊಚ್ಚಿಗೆ ಬಂದಳು. ನನ್ನ ಗಂಡ ರಾಜೀವ್ ಕೂಡ ಇಲ್ಲೇ ಐಟಿ ಪಾರ್ಕಿನಲ್ಲಿರುವುದರಿಂದ ಹಾಸ್ಟೆಲ್ ಯಾಕೆ ಎಂದು ನಮ್ಮ ಫ್ಲಾಟಿನ ಮೂರನೇ ಕೋಣೆ ಅವಳದಾಯಿತು. ಬಂದ ದಿನವೇ ನಾನು ಅವಳ ಬಾತ್‌ರೂಮಿಗೆ ಜಾರದ ಮ್ಯಾಟ್ ಹಾಸಿದೆ. ಅವಳು ಅದರ ಮೇಲೇ ಜಾರಿದಳು.

ಇನ್ನು ಮಾರ್ಚ್ ತಿಂಗಳ ಆ ದಿನ. ವರ್ಷಕ್ಕೊಮ್ಮೆ ಮಾಡಿಸುವ ತಪಾಸಣೆಗೆ ಅವಳು ಊರಿಗೆ ಹೋಗಿದ್ದಳು. ಚಿಕ್ಕಪ್ಪನಿಗೆ ಬ್ಯಾಂಕಿನಲ್ಲಿ ಆಡಿಟ್ ಇದ್ದುದರಿಂದ ಚಿಕ್ಕಮ್ಮ ಜೊತೆಗೆ ಹೋದರು. ಡಾಕ್ಟರು ಹೊಸಬರು, ಚಿಕ್ಕ ವಯಸ್ಸಿನವರು. ರಿಪೋರ್ಟ್ ನೋಡಿ ಇಂಗ್ಲಿಷಿನಲ್ಲಿ ಶುರುಮಾಡಿದರಂತೆ. ಚಿಕ್ಕಮ್ಮ ತಡೆದು, ಮಲಯಾಳದಲ್ಲೇ ಹೇಳಿ, ನಾನು ಈ ಊರಿಗೆ ಬಂದು ಇಪ್ಪತ್ತೈದು ವರ್ಷವಾಯಿತು ಎಂದರಂತೆ. ಅದು ನಿಜ. ಚಾಲೈ ಮಾರುಕಟ್ಟೆಯ ಮೆಣಸಿನಕಾಯಿ ವ್ಯಾಪಾರಿಯನ್ನು ಮಲಯಾಳದಲ್ಲೇ ಬೆವರಿಳಿಸಬಲ್ಲ ಹೆಂಗಸು ನಮ್ಮ ಚಿಕ್ಕಮ್ಮ. ಆದರೆ ಆ ಮಲಯಾಳ ಬದನೆಕಾಯಿಯಿಂದ ಕೊತ್ತಂಬರಿಯವರೆಗಿನದು. ಡಾಕ್ಟರಿಗೆ ಅದು ಹೇಗೆ ಗೊತ್ತಾಗಬೇಕು? ತಾಯ್ನುಡಿಯಲ್ಲಿ ಹೇಳುವ ಅವಕಾಶ ಸಿಕ್ಕಿತಲ್ಲ ಎಂದು ಅವರು ಹತ್ತು ನಿಮಿಷ ಮೆಲ್ಲಗೆ, ಮನಸ್ಸಿಟ್ಟು, ಎಲ್ಲವನ್ನೂ ಬಿಡಿಸಿ ಹೇಳಿದರು. ಶ್ವಾಸಕೋಶಕ್ಕೆ ಹರಡಿದೆ. ಎರಡೂ ಕಡೆ. ಔಷಧಿ ಕೊಡಬಹುದು, ತೆಗೆಯಲಾಗದು. ವರ್ಷ ತುಂಬಿದರೆ ಅದೇ ದೊಡ್ಡದು.

ಚಿಕ್ಕಮ್ಮ ಪ್ರತಿ ಮಾತಿಗೂ ತಲೆಯಾಡಿಸಿದರು. ನಡುವೆ ಎರಡು ಸಲ "ಶರಿ, ಶರಿ" ಎಂದರು. ಹೊರಡುವಾಗ ಡಾಕ್ಟರು ಸಂಹಿತಾಳನ್ನು ಬಾಗಿಲಲ್ಲಿ ನಿಲ್ಲಿಸಿ, ಇಷ್ಟು ಗಟ್ಟಿ ತಾಯಿಯನ್ನು ನಾನು ನೋಡಿಲ್ಲ ಎಂದರಂತೆ.

ಹೊರಗೆ ಬೆಂಚಿನ ಮೇಲೆ ಕೂತು ಚಿಕ್ಕಮ್ಮ, "ಡಾಕ್ಟ್ರು ಏನಂದ್ರೇ?" ಎಂದು ಕೇಳಿದರು.

ಸಂಹಿತಾ ಒಂದು ಉಸಿರೆಳೆದು, ಎಲ್ಲ ಚೆನ್ನಾಗಿದೆ, ಮೂರು ತಿಂಗಳು ಬಿಟ್ಟು ಬನ್ನಿ ಅಂದರು ಎಂದಳು.

"ನನಗೂ ಹಾಗೇ ಅರ್ಥವಾಯ್ತು," ಎಂದರು ಚಿಕ್ಕಮ್ಮ.

ಇಂಗ್ಲಿಷಿನ ರಿಪೋರ್ಟು ಚಿಕ್ಕಪ್ಪನ ಕೈಗೆ ಸಿಗಬಾರದೆಂದು, ಆಫೀಸಿನ ಇನ್ಶೂರೆನ್ಸಿಗೆ ಬೇಕು ಎಂದು ಹೇಳಿ ಫೈಲನ್ನು ಕೊಚ್ಚಿಗೆ ತಂದುಬಿಟ್ಟಳು.

ಅವಳ ಲೆಕ್ಕದಲ್ಲಿ ಅದು ಒಂದು ವಾರದ ಸುಳ್ಳು. ಅಮ್ಮ ಮನೆಗೆ ಹೋಗಲಿ, ಸ್ವಲ್ಪ ಸುಧಾರಿಸಿಕೊಳ್ಳಲಿ, ಆಮೇಲೆ ಹೇಳಿದರಾಯಿತು ಎಂದುಕೊಂಡಿದ್ದಳು. ಆದರೆ ಚಿಕ್ಕಮ್ಮ ಮನೆ ಸೇರುವ ಮೊದಲೇ ಆಟೋದಲ್ಲಿ ಕೂತು ಇಪ್ಪತ್ತೇಳು ಜನರಿಗೆ ಫೋನ್ ಮಾಡಿ ಮುಗಿಸಿದ್ದರು. ಇಪ್ಪತ್ತೆಂಟನೆಯವರು ಅಲ್ಲಿನ ಕನ್ನಡ ಸಂಘದ ಕಾರ್ಯದರ್ಶಿ ಉಪೇಂದ್ರ. ಅವರಿಗೆ ಯುಗಾದಿ ಕಾರ್ಯಕ್ರಮಕ್ಕೆ ಸನ್ಮಾನಿತರು ಸಿಕ್ಕಿರಲಿಲ್ಲ. ಊರಿನಲ್ಲಿದ್ದ ನಿವೃತ್ತರಿಗೆಲ್ಲ ಎರಡೆರಡು ಸಲ ಶಾಲು ಹೊದಿಸಿಯಾಗಿತ್ತು.

ಹೀಗೆ, ಸೋತದ್ದು ಗೊತ್ತಾದ ಹದಿನೈದನೇ ದಿನಕ್ಕೆ ಸಂಹಿತಾಳಿಗೆ ಗೆದ್ದದ್ದಕ್ಕಾಗಿ ಸನ್ಮಾನವಾಯಿತು. ನಾನೂ ಋತ್ವಿಕ್‌ನನ್ನು ಎತ್ತಿಕೊಂಡು ಹೋಗಿದ್ದೆ, ಚಪ್ಪಾಳೆ ತಟ್ಟಿದ್ದೆ. ಹಿಂದೆ ಬ್ಯಾನರು: ಕ್ಯಾನ್ಸರ್ ಗೆದ್ದ ಕನ್ನಡತಿ. ಒಬ್ಬರು ಅವಳನ್ನು ಕಿತ್ತೂರಿನ ರಾಣಿಗೆ ಹೋಲಿಸಿದರು, ಇನ್ನೊಬ್ಬರು ಒನಕೆ ಹಿಡಿಸಿದರು, ಮೂರನೆಯವರು ತಮ್ಮ ಕಿಡ್ನಿ ಕಲ್ಲಿನ ವಿಷಯಕ್ಕೆ ಬಂದು ಅಲ್ಲೇ ಉಳಿದುಕೊಂಡರು. ಎಲ್ಲರೂ ಅವಳಿಗೆ ಪೂರ್ತಿಯಾಗಿ ಬದುಕು ಎಂದರು. ಹಿಮಾಲಯ ಹತ್ತು ಎಂದರು, ವಿಮಾನದಿಂದ ಧುಮುಕು ಎಂದರು, ವೀಣೆ ಕಲಿ ಎಂದರು. ಹೇಳಿದವರಲ್ಲಿ ಯಾರೂ ನಾಲ್ಕನೇ ಮಹಡಿಗೆ ಲಿಫ್ಟಿಲ್ಲದೆ ಹತ್ತಿದವರಲ್ಲ. ಎರಡು ಮಾತಾಡಬೇಕೆಂದು ಮೈಕು ಕೊಟ್ಟಾಗ ಸಂಹಿತಾ, "ನಮಸ್ಕಾರ. ಊಟ ತಣ್ಣಗಾಗ್ತಿದೆ," ಎಂದಳು. ಜನ ಎದ್ದುನಿಂತು ಚಪ್ಪಾಳೆ ಹೊಡೆದರು. ಎಂಥ ವಿನಯ ಎಂದರು ಉಪೇಂದ್ರ.

ಅವಳು ಪೂರ್ತಿಯಾಗಿ ಬದುಕುತ್ತಿದ್ದ ರೀತಿ ಬೇರೆಯೇ ಇತ್ತು. ಅವಳಿಗೊಬ್ಬ ಹುಡುಗನಿದ್ದ, ಅಲ್ವಿನ್. ಶ್ರೀಕಾರ್ಯಂನ ಬೆಳೆ ಸಂಶೋಧನಾ ಸಂಸ್ಥೆಯಲ್ಲಿ ಮರಗೆಣಸಿನ ಮೇಲೆ ಕೆಲಸ ಮಾಡುವವನು. ಕಾಲೇಜಿನೆದುರಿನ ಚಹಾದಂಗಡಿಯಲ್ಲಿ ಪರಿಚಯ. ಬೇರೆ ಹುಡುಗರು ಹೂವು ತಂದುಕೊಟ್ಟರೆ ಇವನು ಒಂದು ತೋಳಿನಷ್ಟುದ್ದದ ಗೆಣಸನ್ನು ಹಳೇ ಪೇಪರಿನಲ್ಲಿ ಸುತ್ತಿ ತಂದಿದ್ದನಂತೆ. ಪ್ರತಿ ಶನಿವಾರ ಬೆಳಗಿನ ರೈಲು ಹತ್ತಿ ಕೊಚ್ಚಿಯ ಎರ್ನಾಕುಲಂ ಸ್ಟೇಷನ್ನಿಗೆ ಬರುತ್ತಾನೆ. ಇಬ್ಬರೂ ಮೆಟ್ರೋದಲ್ಲಿ ಈ ತುದಿಯಿಂದ ಆ ತುದಿಗೆ ಹೋಗಿ ವಾಪಸ್ ಬರುತ್ತಾರೆ. ಕಿಟಕಿಯ ಜಾಗಕ್ಕಾಗಿ ಜಗಳವಾಡುತ್ತಾರೆ. ಅಷ್ಟೇ. ಹಿಮಾಲಯವಿಲ್ಲ.

ಏಪ್ರಿಲಿನಲ್ಲಿ ಅವನು ನಮ್ಮ ಬಾಲ್ಕನಿಗೆ ಗೆಣಸಿನ ಎರಡು ಕಡ್ಡಿ ತಂದ. ಒಂದು ಆರು ತಿಂಗಳಿಗೆ ಬರುವ ತಳಿ, ಇನ್ನೊಂದು ಹತ್ತು ತಿಂಗಳಿಗೆ. ಸಂಹಿತಾ ಆರು ತಿಂಗಳದ್ದನ್ನು ಎತ್ತಿಕೊಂಡಳು. ಅವನು ಅದನ್ನು ಅವಳ ಕೈಯಿಂದ ಕಿತ್ತುಕೊಂಡು ಹತ್ತು ತಿಂಗಳದ್ದನ್ನು ಕುಂಡಕ್ಕೆ ನೆಟ್ಟ. ಬಾಲ್ಕನಿಯಲ್ಲಿ ಮಣ್ಣು ಬಿದ್ದರೆ ಋತ್ವಿಕ್ ಬಾಯಿಗೆ ಹಾಕುತ್ತಾನೆ ಎಂದು ನಾನು ಗೊಣಗುತ್ತಿದ್ದೆ. ನನಗಿನ್ನೂ ಏನೂ ಗೊತ್ತಿರಲಿಲ್ಲ.

ಅಲ್ವಿನ್‌ನ ಮನೆ ಕೊಚ್ಚಿಯೆದುರಿನ ವೈಪಿನ್ ದ್ವೀಪದಲ್ಲಿ. ಅವನ ತಾಯಿಯನ್ನು ಸಂಹಿತಾ ಅಮ್ಮಚ್ಚಿ ಎನ್ನುತ್ತಾಳೆ. ಆಕೆಗೆ ಎಲ್ಲವೂ ಗೊತ್ತು, ಅಲ್ವಿನ್ ಮೊದಲೇ ಹೇಳಿದ್ದಾನೆ. ಗೊತ್ತಿದ್ದೂ ಆಕೆ, ನಲ್ಲಿ ಸರಿಯಾಗಿ ಮುಚ್ಚಲು ನಿಮ್ಮ ಮನೆಯಲ್ಲಿ ಕಲಿಸಲಿಲ್ಲವೇ ಎಂದು ಇವಳನ್ನು ಬೈಯುತ್ತಾರೆ, ಪಾತ್ರೆ ತೊಳೆಸುತ್ತಾರೆ. ಬೈಸಿಕೊಂಡು ಬಂದ ದಿನ ಸಂಹಿತಾಳ ಮುಖ ನೋಡಬೇಕು. ಶಾಲು ಹೊದಿಸಿದ ದಿನ ಅಂಥ ಮುಖವಿರಲಿಲ್ಲ.

ಸನ್ಮಾನದ ಫಲವಾಗಿ ಗಂಡೊಂದು ಹುಟ್ಟಿಕೊಂಡಿತು. ಆಶಿಶ್, ತಿರುವನಂತಪುರದ ಐಟಿ ಪಾರ್ಕಿನವನು, ಕನ್ನಡದವನು. ಅವನ ಮನೆಯವರು ಕಾಯಿಲೆ ಬಂದಿದ್ದ ಹುಡುಗಿಯಾದರೂ ಪರವಾಗಿಲ್ಲ, ನಮ್ಮದು ದೊಡ್ಡ ಮನಸ್ಸು ಎಂದು ಸಂಘದ ಮುಕ್ಕಾಲು ಪಾಲು ಜನಕ್ಕೆ ತಾವಾಗಿಯೇ ತಿಳಿಸಿದರು. ಜೋಯಿಸರು ಜಾತಕ ನೋಡಿ ಎಂಬತ್ತನಾಲ್ಕು ವರ್ಷ ಆಯಸ್ಸು, ಇಬ್ಬರು ಮಕ್ಕಳು ಎಂದರು. ಚಿಕ್ಕಮ್ಮನ ಸಂತೋಷಕ್ಕೆ ಮೇರೆಯಿರಲಿಲ್ಲ. ಹುಡುಗ ಮೊದಲು ಒಬ್ಬನೇ ಕೊಚ್ಚಿಗೆ ಬಂದು ಒಂದು ಕಾಫಿ ಅಂಗಡಿಯಲ್ಲಿ ಇವಳನ್ನು ಭೇಟಿಯಾದ. ಕ್ಯಾನ್ಸರ್ ನಿಮಗೆ ಏನು ಕಲಿಸಿತು ಎಂದು ಕೇಳಿದನಂತೆ. ಆಸ್ಪತ್ರೆಗೆ ಒಂಬತ್ತರ ಮೇಲೆ ಹೋದರೆ ಪಾರ್ಕಿಂಗ್ ಸಿಗುವುದಿಲ್ಲ ಎಂದು ಇವಳು ಹೇಳಿದಳು. ಅವನು ಅದನ್ನು ಫೋನಿನಲ್ಲಿ ಬರೆದುಕೊಂಡ. ಸಂಜೆಯ ಹೊತ್ತಿಗೆ ಅದು ಬೇಗ ಏಳುವವರಿಗೆ ಬದುಕು ಜಾಗ ಕೊಡುತ್ತದೆ ಎಂದಾಗಿ, ಸೂರ್ಯೋದಯದ ಚಿತ್ರದೊಂದಿಗೆ ಅವನ ಪುಟದಲ್ಲಿ ಬಂತು. ನಾನ್ನೂರು ಜನ ಮೆಚ್ಚಿದರು. ಚಿಕ್ಕಮ್ಮ ಅದನ್ನು ನನಗೂ ಕಳಿಸಿದರು.

ಅದೇ ವಾರ ಸಂಹಿತಾ ನನ್ನ ಮುಂದೆ ಫೈಲ್ ಇಟ್ಟಳು. ನಾನು ಋತ್ವಿಕ್‌ನ ಹೊಸ ಯೂನಿಫಾರ್ಮಿಗೆ ಗುಂಡಿ ಹೊಲಿಯುತ್ತಿದ್ದೆ. ಓದಿ ಮುಗಿಸುವಷ್ಟರಲ್ಲಿ ಸೂಜಿ ಎಲ್ಲಿ ಹೋಯಿತೋ, ಮಗು ತುಳಿದರೆ ಎಂದು ನೆಲ ತಡಕತೊಡಗಿದೆ. ಅವಳೂ ಬಗ್ಗಿ ಹುಡುಕಿದಳು, ಕೆಮ್ಮಿದಳು. ಆ ಕೆಮ್ಮನ್ನು ನಾನು ಆಫೀಸಿನ ಏಸಿಯ ಖಾತೆಗೆ ಹಾಕಿ ಎರಡು ತಿಂಗಳು ಕಷಾಯ ಕುಡಿಸಿದ್ದೆ.

"ನೀನೇ ಹೇಳಬೇಕು ಚೇಚಿ," ಎಂದಳು. ಹೆದರಿದಾಗ ಅವಳಿಗೆ ನಾನು ಕನ್ನಡದ ಅಕ್ಕನಲ್ಲ, ಮಲಯಾಳದ ಚೇಚಿ.

ಮಗಳೇ ಹೇಳುವುದಲ್ಲವೇ ಸರಿ, ಇಲ್ಲವೇ ಚಿಕ್ಕಪ್ಪನಿಗೆ ಫೈಲನ್ನೇ ತೋರಿಸು ಎಂದೆ. ಅಪ್ಪನಿಗೆ ತೋರಿಸಿದರೆ ಅವರು ಅಮ್ಮನಿಂದ ಮುಚ್ಚಿಡುತ್ತಾರೆ, ಸುಳ್ಳು ಹೇಳುವವರು ಇಬ್ಬರಾಗುತ್ತಾರೆ ಎಂದಳು. ತಾನು ಎರಡು ಸಲ ಪ್ರಯತ್ನಪಟ್ಟಿದ್ದನ್ನೂ ಹೇಳಿದಳು. ಮೊದಲ ಸಲ ಅಮ್ಮ ಬಾಯಿಗೆ ಹೋಳಿಗೆ ತುರುಕಿದರು. ಎರಡನೇ ಸಲ ಮಾತು ಬಾಯಿಯವರೆಗೆ ಬಂತು, ಬಂದದ್ದು ಮಲಯಾಳದಲ್ಲಿ. ಡಾಕ್ಟರು ಅವಳಿಗೆ ಕೊಟ್ಟ ಮಾತುಗಳು ಅವೇ ತಾನೆ. ಚಿಕ್ಕಮ್ಮ ಎಲ್ಲದಕ್ಕೂ ತಲೆಯಾಡಿಸಿ, ಕೊನೆಗೆ ಚಟ್ನಿಗೆ ಕಾಯಿ ತುರಿ ಎಂದರು.

"ನಮ್ಮನೆ ಕನ್ನಡದಲ್ಲಿ ಊಟ ಇದೆ, ಬೈಗುಳ ಇದೆ, ದೇವರು ಇದ್ದಾನೆ. ಇದು ಇಲ್ಲ. ನೀನು ಮೈಸೂರಲ್ಲಿ ಓದಿದೋಳು, ನಿನ್ನ ಹತ್ರ ಇರತ್ತೆ. ನಾನು ಹೇಳಿದ್ದು ಒಂದೇ ಸುಳ್ಳು. ಅದಕ್ಕೆ ಅವರು ಶಾಲು ಹೊದಿಸಿಬಿಟ್ರು. ಈಗ ನನಗೆ ತೆಗೆಯಕ್ಕೆ ಬರ್ತಿಲ್ಲ."

ನಾಳೆಯೇ ಹೇಳುತ್ತೇನೆ ಎಂದು ಮಾತು ಕೊಟ್ಟೆ. ಮರುದಿನ ಋತ್ವಿಕ್‌ಗೆ ಜ್ವರ ಬಂತು. ಅದರ ಮರುದಿನ ಅಮಾವಾಸ್ಯೆ. ಆಮೇಲೆ ಸ್ಕೂಲು ಶುರುವಾಯಿತು. ಚಿಕ್ಕಮ್ಮ ತಾವಾಗಿ ಫೋನ್ ಮಾಡಿದ ದಿನ, ಕುಕ್ಕರ್ ಕೂಗುತ್ತಿದೆ, ಆಮೇಲೆ ಮಾಡುತ್ತೇನೆ ಎಂದೆ. ಕುಕ್ಕರನ್ನು ಇನ್ನೂ ಒಲೆಯ ಮೇಲಿಟ್ಟೇ ಇರಲಿಲ್ಲ. ರಾಜೀವ್, ನಾನು ಹೇಳಲೇ ಎಂದರು. ಅವರು ಹೇಳಿದರೆ ಸಾಫ್ಟ್‌ವೇರ್ ಕೆಟ್ಟಿದೆ ಎಂದ ಹಾಗೆ ಹೇಳಿಬಿಡುತ್ತಾರೆ ಎಂದು ಬೇಡವೆಂದೆ. ಅಷ್ಟರಲ್ಲಿ ಹುಡುಗಿ ನೋಡುವ ಶಾಸ್ತ್ರ ಈ ಭಾನುವಾರಕ್ಕೆ ನಿಶ್ಚಯವಾಗಿ, ಚಿಕ್ಕಮ್ಮ ಸಂಹಿತಾಳಿಗೆ ಊರಿಗೆ ಬರಲು ಟಿಕೆಟ್ಟನ್ನೂ ಕಳಿಸಿಬಿಟ್ಟರು.

ನಿನ್ನೆ ಗುರುವಾರ ಸಂಹಿತಾ ವೈಪಿನ್‌ನಿಂದ ಬಂದವಳು ದೋಣಿ ಇಳಿದು ಮೆಟ್ಟಿಲ ಮೇಲೆ ಎರಡು ಕಡೆ ಕೂತು ಸುಧಾರಿಸಿಕೊಂಡಳಂತೆ. ಮನೆಗೆ ಬಂದು ಚಪ್ಪಲಿಯನ್ನೂ ಬಿಡದೆ ಕುರ್ಚಿಯಲ್ಲಿ ಒರಗಿದಳು. ನಾನು ನೀರು ಕೊಟ್ಟು, ಥರ್ಮಾಮೀಟರು ತಂದು, ಮೆಟ್ಟಿಲಿರುವ ಕಡೆ ಯಾಕೆ ಹೋಗಬೇಕಿತ್ತು, ಛತ್ರಿ ತೆಗೆದುಕೊಂಡು ಹೋಗಿದ್ದೆಯಾ ಎಂದೆಲ್ಲ ಒದರುತ್ತಿದ್ದೆ. ಅವಳು ನಾನು ಮುಗಿಸುವವರೆಗೂ ಕಾದಳು.

"ಭಾನುವಾರ ನಾನು ಆಶಿಶ್ ಮನೆಯವರ ಮುಂದೆ ಸೋಫಾ ಮೇಲೆ ಕೂರಲ್ಲ ಅಕ್ಕ. ವೈಪಿನ್‌ಗೆ ಹೋಗ್ತೀನಿ. ನನ್ನ ಹತ್ರ ಭಾನುವಾರಗಳು ಜಾಸ್ತಿ ಇಲ್ಲ. ನೀನು ಹೇಳದಿದ್ರೆ ಸುಮ್ನೆ ಹೋಗ್ಬಿಡ್ತೀನಿ. ಅಮ್ಮ ನಾನು ಓಡಿಹೋದೆ ಅಂದ್ಕೋತಾರೆ, ಆರು ತಿಂಗಳು ಮಾತು ಬಿಡ್ತಾರೆ. ಅಷ್ಟು ಹೊತ್ತಿಗೆ..."

ಒಳಗೆ ಹೋಗಿ ಮಲಗಿದಳು.

ಇವತ್ತು ಶುಕ್ರವಾರ. ಬೆಳಿಗ್ಗೆ ಅವಳು ಆಫೀಸಿಗೆ ಹೋಗಲಿಲ್ಲ. ನಾನು ಬಾಗಿಲು ಮುಚ್ಚಿಕೊಂಡು ಫೋನ್ ಮಾಡಿದೆ. ಚಿಕ್ಕಮ್ಮ ಮೊದಲ ರಿಂಗಿಗೇ ಎತ್ತಿಕೊಂಡು, ನೀನೇ ಮಾಡಿದ್ದು ಒಳ್ಳೆಯದಾಯಿತು, ಕೇಸರಿಬಾತ್ ಜೊತೆ ಬೋಂಡಾ ಮಾಡಲೋ ಅಂಬೊಡೆ ಮಾಡಲೋ, ಉಪೇಂದ್ರರಿಗೆ ಹಲ್ಲು ನೋವಂತೆ, ಸಂಹಿತಾ ಸಣ್ಣಗಾಗಿದ್ದಾಳೆ, ರವಿಕೆ ಎಷ್ಟು ಹಿಡಿಸಲಿ ಎಂದು ಒಂದೇ ಸಮನೆ ಕೇಳಿದರು.

"ಚಿಕ್ಕಮ್ಮ, ಕೂತ್ಕೊಳ್ಳಿ."

"ಕೂತೇ ಇದೀನಿ, ಕಾಳು ಆರಿಸ್ತಾ."

"ಮಾರ್ಚಲ್ಲಿ ಡಾಕ್ಟ್ರು ಹೇಳಿದ್ದನ್ನ ಸಂಹಿತಾ ನಿಮಗೆ ಪೂರ್ತಿ ಹೇಳಲಿಲ್ಲ."

ಮೊರದಲ್ಲಿ ಕಾಳು ಆಡುವ ಸದ್ದು ನಿಂತಿತು. ನಾನು ಹೇಳತೊಡಗಿದೆ. ಓದಿದವಳ ಬಳಿ ಇರುತ್ತದೆ ಎಂದು ಅವಳು ನಂಬಿದ್ದ ಮಾತುಗಳು ನನ್ನ ಬಳಿಯೂ ಇರಲಿಲ್ಲ. ಶ್ವಾಸಕೋಶ ಎನ್ನಲು ಹೋಗಿ ಎದೆಯೊಳಗೆ ಎಂದೆ. ಹರಡಿದೆ ಎಂದೆ. ಔಷಧಿಯಿಂದ ಹೋಗುವಂಥದ್ದಲ್ಲ ಎಂದೆ. ಅಲ್ವಿನ್ ಎಂಬ ಹುಡುಗನಿದ್ದಾನೆ, ಭಾನುವಾರ ಅವಳು ಅವರ ಮನೆಗೆ ಹೋಗಬೇಕೆಂದಿದ್ದಾಳೆ ಎಂಬುದನ್ನೂ ಅದೇ ಉಸಿರಿನಲ್ಲಿ ಹೇಳಿಬಿಟ್ಟೆ.

ಚಿಕ್ಕಮ್ಮ ಅಳಲಿಲ್ಲ. ಮೊರವನ್ನು ಕೆಳಗಿಟ್ಟ ಸದ್ದಾಯಿತು. "ಅವಳೆಲ್ಲಿ?" ಎಂದರು.

"ಮಲಗಿದಾಳೆ."

"ಎಬ್ಬಿಸಬೇಡ. ನೀನೇ ಹೇಳು. ಎಷ್ಟು ದಿನ ಅಂದ್ರು?"

ನಾನು ಹೇಳಿದೆ.