ಭಾವನ ಫೈಲು

ದೆವ್ವ-ಭೂತದ ಮಾತು ಬಂದರೆ ಎದ್ದು ಹೋಗುವ ಪೈಕಿ ನಾನು. ಈಗಲೂ ಬಹಳ ಬದಲಾಗಿದ್ದೇನೆ ಎಂದಲ್ಲ. ನೀವು ನಂಬಬೇಕೆಂಬ ಹಟವೂ ನನಗಿಲ್ಲ. ಆದರೆ ಎಂಬತ್ತರ ದಶಕದ ಕೊನೆಗೆ ಹೊನ್ನಾವರದಲ್ಲಿ ನಡೆದ ಇದೊಂದನ್ನು ಹೇಗೆ ತಿರುಗಿಸಿ ನೋಡಿದರೂ ಅರ್ಥ ನನ್ನ ತಲೆಗೆ ಹೊಳೆದಿಲ್ಲ.

ಆಗ ನಾನು ಬಂದರಿನ ಹತ್ತಿರ ಮೀನುಗಾರರ ಸಂಘವೊಂದರಲ್ಲಿ ಗುಮಾಸ್ತ. ಸಂಘಕ್ಕೆ ಹೊಸದಾಗಿ ಕಂಪ್ಯೂಟರ್ ಬಂದಿತ್ತು. ಅದನ್ನು ಮುಟ್ಟುವವನು ನಾನೊಬ್ಬನೇ. ಉಳಿದವರು ಚಪ್ಪಲಿ ಬಿಟ್ಟು ಒಳಗೆ ಬಂದು ದೂರದಿಂದ ನೋಡಿ ಹೋಗುತ್ತಿದ್ದರು. ಒಂದೊಂದು ದೋಣಿಗೂ ಒಂದೊಂದು ಫೈಲು, ಎಲ್ಲವೂ ಒಂದು ತೆಳ್ಳನೆಯ ಫ್ಲಾಪಿಯಲ್ಲಿ. ಮೊದಲ ದಿನ ದೋಣಿ ಹೊರಟಾಗ ‘ಹೋಯಿತು’ ಎಂದು ಬರೆಯಲು ಹೋದೆ. ಅಬ್ಬಬ್ಬಾ, ಎಲ್ಲರೂ ನನ್ನ ಮೇಲೇ ಬಿದ್ದರು! ಕಡಲಿಗೆ ಹೊರಟವನು ನಮ್ಮಲ್ಲಿ ಹೋಗುತ್ತೇನೆ ಎನ್ನುವುದಿಲ್ಲ, ಬರುತ್ತೇನೆ ಎನ್ನುತ್ತಾನೆ. ಹಾಗಾಗಿ ಹೊರಟಾಗ ‘ಬರುವುದಿದೆ’, ಮರಳಿದಾಗ ‘ಬಂತು’ ಎಂದು ಇಂಗ್ಲಿಷ್ ಅಕ್ಷರದಲ್ಲಿ ಬರೆಯುವುದು ರೂಢಿಯಾಯಿತು.

ಅಕ್ಕನ ಗಂಡ, ನನ್ನ ಭಾವ, ಇದಕ್ಕೆ ತನ್ನದೂ ಒಂದು ಸೇರಿಸಿದ್ದ. ‘ಬಂತು’ ಬರೆಸದೆ ಅವನು ಮನೆಗೆ ಹೋಗುತ್ತಿರಲಿಲ್ಲ. ಬರೆದದ್ದನ್ನು ಫೈಲಿನಲ್ಲಿ ಉಳಿಸುವ ಕೊನೆಯ ಗುಂಡಿಯನ್ನು ತಾನೇ ಒತ್ತಬೇಕು.

“ಇದು ಒತ್ತಿದ್ರೆ ಮಾತ್ರ ನಂಗೆ ದಡ ಸಿಕ್ದಾಂಗೆ, ಬಟನ್ ಮಾಸ್ತರ,” ಎಂದು ನನ್ನನ್ನು ಚುಡಾಯಿಸುತ್ತಿದ್ದ. ಉಪ್ಪುನೀರಿನ ಕೈ ಹಚ್ಚಬೇಡ ಮಾರಾಯ ಎಂದು ನಾನು ಬಾಯಿ ಮಾಡುತ್ತಿದ್ದರೂ ಒದ್ದೆ ಬೆರಳಿನಿಂದ ಒತ್ತಿ, “ಆತು,” ಎಂದು ಹೊರಡುತ್ತಿದ್ದ. ಹೆಚ್ಚಾಗಿ ಮಧ್ಯಾಹ್ನ, ನಾನು ಊಟಕ್ಕೆ ಏಳುವ ಹೊತ್ತಿಗೇ ಬರುತ್ತಿದ್ದ.

ಆ ವರ್ಷ ಮಳೆಗಾಲ ಮುಗಿದು ದೋಣಿ ಇಳಿಸಿದ ಹೊಸತರಲ್ಲೇ ಅವನ ದೋಣಿ ಭಟ್ಕಳದ ಆಚೆ ಮಗುಚಿತು. ಜೊತೆಗಿದ್ದ ಇಬ್ಬರು ಈಜಿ ದಡ ಸೇರಿದರು. ಭಾವ ನೀರಿನಲ್ಲಿ ಮುಳುಗಿದ್ದನ್ನು ಅವರು ಕಣ್ಣಾರೆ ಕಂಡಿದ್ದರು. ಹೆಣ ಮಾತ್ರ ಸಿಗಲಿಲ್ಲ.

ಮನೆಯವರು ದರ್ಭೆಯ ಗೊಂಬೆ ಮಾಡಿ ಸುಟ್ಟು ಕಾರ್ಯ ಮುಗಿಸೋಣ ಎಂದರು. ಅಕ್ಕ ಒಪ್ಪಲಿಲ್ಲ. ಕುಂಕುಮ ಇಟ್ಟುಕೊಂಡೇ ಜಗುಲಿಯಲ್ಲಿ ಕೂತಳು. ಅನ್ನ ಮುಟ್ಟುವುದೂ ಕಡಿಮೆಯಾಯಿತು.

“ಬರೂದು ಅದೆ ಅಂತ ನಿನ್ನ ಮಿಷಿನೇ ಹೇಳ್ತದೆ. ಅದನ್ನ ಅಳಸ್ಬೇಡ ತಮ್ಮಾ,” ಎಂದು ನನ್ನ ಕೈ ಹಿಡಿದಳು. ನಾನು ಅಳಿಸಲಿಲ್ಲ. ಕಣ್ಣೆದುರೇ ಒಣಗುತ್ತಿದ್ದವಳಿಗೆ ಇನ್ನೇನು ಹೇಳಲಿ? ಆ ದಿನಗಳಲ್ಲಿ ನನಗೆ ಅಳುವೂ ಬರುತ್ತಿರಲಿಲ್ಲ, ಸಿಟ್ಟೂ ಬರುತ್ತಿರಲಿಲ್ಲ. ಆಫೀಸಿಗೆ ಹೋಗುತ್ತಿದ್ದೆ, ಬರುತ್ತಿದ್ದೆ.

ಒಂದು ದಿನ ಫೈಲುಗಳ ಪಟ್ಟಿ ತೆಗೆದು ನೋಡುತ್ತಿದ್ದೆ. ಪ್ರತಿ ಫೈಲಿನ ಎದುರು, ಅದರಲ್ಲಿ ಕೊನೆಗೆ ಬರೆದ ದಿನ ಮತ್ತು ಹೊತ್ತು ಕಾಣುತ್ತದೆ. ಭಾವನ ಫೈಲಿನ ಎದುರು ಹಿಂದಿನ ದಿನದ ಮಧ್ಯಾಹ್ನವಿತ್ತು. ನಾನು ಬಾಗಿಲಿಗೆ ಬೀಗ ಹಾಕಿ ಊಟಕ್ಕೆ ಹೋಗಿದ್ದ ಹೊತ್ತು ಅದು. ತೆರೆದು ನೋಡಿದರೆ ಒಳಗೆ ಅದೇ ‘ಬರುವುದಿದೆ’. ಒಂದಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ.

ಯಾರದೋ ಕಿತಾಪತಿ ಎಂದುಕೊಂಡೆ. ಮರುದಿನ ಊಟಕ್ಕೆ ಹೋಗುವಾಗ ಕಂಪ್ಯೂಟರಿನ ವೈರನ್ನೇ ಕಿತ್ತಿಟ್ಟೆ. ಬಂದು ನೋಡಿದರೆ ಹೊತ್ತು ಮತ್ತೆ ಬದಲಾಗಿತ್ತು. ಆ ಫ್ಲಾಪಿಯ ಅಂಚಿನಲ್ಲೊಂದು ಕಚ್ಚು ಇರುತ್ತದೆ. ಅದಕ್ಕೆ ಸಣ್ಣ ಅಂಟುಕಾಗದದ ಪಟ್ಟಿ ಅಂಟಿಸಿದರೆ ಯಾವ ಮಷಿನ್ನೂ ಅದರಲ್ಲಿ ಬರೆಯಲಾರದು. ಅದರ ಮರುದಿನ ಪಟ್ಟಿ ಅಂಟಿಸಿದೆ. ಅಷ್ಟಕ್ಕೇ ಬಿಡದೆ ಫ್ಲಾಪಿಯನ್ನು ಚೀಲದಲ್ಲಿ ಹಾಕಿಕೊಂಡು ಅಕ್ಕನ ಮನೆಗೇ ಊಟಕ್ಕೆ ಹೋದೆ. ಚೀಲ ನನ್ನ ತೊಡೆಯ ಮೇಲೇ ಇತ್ತು. ಮರಳಿ ಬಂದು ಹಾಕಿ ನೋಡಿದೆ. ಉಳಿದ ದೋಣಿಗಳದ್ದೆಲ್ಲ ಇದ್ದ ಹಾಗೇ ಇತ್ತು. ಭಾವನ ಫೈಲಿನ ಎದುರು ಮಾತ್ರ ನಾನು ಅಕ್ಕನ ಮನೆಯಲ್ಲಿ ಅನ್ನ ಕಲಸುತ್ತಿದ್ದ ಹೊತ್ತಿತ್ತು.

ಹೆದರಿಕೆ ಆಗಬೇಕಿತ್ತು, ಆಗಲಿಲ್ಲ. ಸಂಜೆ ಹೋಗಿ ಅಕ್ಕನಿಗೆ ಎಲ್ಲ ಹೇಳಿದೆ.

ಅವಳು ಕೊನೆಯವರೆಗೆ ಕೇಳಿ, “ಅವ್ರು ದಡಕ್ಕೆ ಬಂದಾರೆ ತಮ್ಮಾ. ನೀ ‘ಬಂತು’ ಅಂತ ಬರೀದೆ ಮನಿಗೆ ಹ್ಯಾಂಗೆ ಬರ್ತಾರೆ? ದಿನಾ ಬಂದು ಕಾದು ಹೋಗ್ತಾರೆ,” ಎಂದಳು.

“ಎಂತ ಮಾತಾಡ್ತೆ ಅಕ್ಕಾ?”

“ನಾಳೆ ನನ್ನೂ ಕರ್ಕಂಡು ಹೋಗು.”

ಕರೆದುಕೊಂಡು ಹೋದೆ. ಪಟ್ಟಿ ಕಿತ್ತು, ಮುಳುಗಿದ ದೋಣಿಯ ಫೈಲಿನಲ್ಲಿ ‘ಬಂತು’ ಎಂದು ಬರೆದೆ. ಅಕ್ಕ ಮುಂದೆ ಬಂದು, ನಾನು ತೋರಿಸಿದ ಗುಂಡಿ ಒತ್ತಿದಳು.

“ಆತು,” ಎಂದಳು.

ಭಾವ ಹಾಗೆ ಹೇಳುತ್ತಿದ್ದನೆಂದು ನಾನು ಅವಳಿಗೆ ಎಂದೂ ಹೇಳಿರಲಿಲ್ಲ. ಅವಳು ಅಲ್ಲೇ ಬೆಂಚಿನ ಮೇಲೆ ಕೂತು, ಸೆರಗಿನಿಂದ ಹಣೆಯ ಕುಂಕುಮ ತಾನೇ ಒರೆಸಿಕೊಂಡಳು. ಆ ವಾರವೇ ಕಾರ್ಯ ನಡೆಯಿತು. ಕಾರ್ಯದ ಊಟಕ್ಕೆ ಎಲ್ಲರ ಜೊತೆ ಕೂತು ಉಂಡಳು.

ಆಮೇಲೆ ಎಷ್ಟೋ ತಿಂಗಳು ನಾನು ಆ ಫೈಲನ್ನು ಕಾದೆ. ಅವಳು ಗುಂಡಿ ಒತ್ತಿದ ಹೊತ್ತು ಮತ್ತೆ ಬದಲಾಗಲಿಲ್ಲ. ಮುಂದೆ ಇದೇ ಕಂಪ್ಯೂಟರ್ ಕೆಲಸದಲ್ಲಿ ನನ್ನ ಕೂದಲು ಬೆಳ್ಳಗಾಯಿತು, ತಿಳಿದವರನ್ನೂ ಕೇಳಿದೆ. ಪಟ್ಟಿ ಅಂಟಿಸಿದ ಫ್ಲಾಪಿಯಲ್ಲಿ ಹಾಗಾಗಲು ಸಾಧ್ಯವೇ ಇಲ್ಲ ಎಂದರು. ಅದು ನನಗೂ ಗೊತ್ತು. ಆ ಸಂಘದ ಲೆಕ್ಕದಲ್ಲಿ ಭಾವನ ದೋಣಿ ಮರಳಿ ಬಂದಿದೆ. ತಪ್ಪು ಎಂದು ಹೇಳಲು ನನಗೆ ಇವತ್ತಿಗೂ ಬಾಯಿ ಬರುವುದಿಲ್ಲ.