ಮಗಳ ಮನೆಯ ನೀರು

ಬಿಟ್ಟನ್ ದೇವಿಗೆ ತವರುಮನೆಯವರು ಹನ್ನೊಂದು ವರ್ಷದ ಕೂಲಿ ಇನ್ನೂ ಕೊಡಬೇಕು. ಕಾನ್ಪುರದ ಬಟ್ಟೆ ಗಿರಣಿಗೆ ಬೀಗ ಬಿದ್ದು ಅಪ್ಪ ಸುಖನಂದನ್ ಗೇಟಿನ ಮುಂದೆ ಧರಣಿ ಕೂತಾಗ, ಬನಿಯನ್ನುಗಳಿಗೆ ಅಂಚು ಹೊಲಿದು ಮನೆ ನಡೆಸಿದವಳು ಅವಳು. ಅಮ್ಮನ ಹೆಸರಿನಲ್ಲಿ ಎರಡು ಕೋಣೆಯ ಮನೆ ಎದ್ದದ್ದೂ ಆ ಹೊಲಿಗೆಯಿಂದಲೇ. ಆಮೇಲೆ ಅವಳನ್ನು ಗಂಗೆಯಾಚೆ ಶುಕ್ಲಾಗಂಜಿಗೆ ಮದುವೆ ಮಾಡಿ ಕೊಟ್ಟರು. ಲೆಕ್ಕ ಚುಕ್ತಾ ಅಂದುಕೊಂಡರು.

ಮಗಳನ್ನು ಕೊಟ್ಟ ಮನೆಯಲ್ಲಿ ಸುಖನಂದನ್ ಹನಿ ನೀರೂ ಮುಟ್ಟುತ್ತಿರಲಿಲ್ಲ. ಕನ್ಯಾದಾನ ಮಾಡಿ ಕೊಟ್ಟ ಕಡೆ ತಿನ್ನಬಾರದೆಂಬ ಕಟ್ಟಳೆ. ಜೂನ್ ಬಿಸಿಲಲ್ಲಿ ಬಂದರೂ ಬೀದಿಯ ಕೈಪಂಪು ಒತ್ತಿ ನೀರು ಕುಡಿದು, ಹೊಸ್ತಿಲಲ್ಲೇ ನಿಂತು ಮಾತಾಡಿ ಹೋಗುವ ಆಸಾಮಿ.

ಅಮ್ಮ ಸತ್ತ ಮೇಲೆ ಮೊದಲ ಸಲ ಬಂದವನು ಸೀದಾ ಒಳಗೆ ಬಂದು ಮಂಚದ ಮೇಲೆ ಕೂತ.

"ಬಿಟಿಯಾ, ನೀರು ಕೊಡು. ರೊಟ್ಟಿ ಇದ್ರೆ ಅದನ್ನೂ ತಾ."

ಬಿಟ್ಟನ್‌ಳ ಕಿವಿ ನೆಟ್ಟಗಾಯಿತು. "ಬಪ್ಪಾ, ಬಿಸಿಲಿಗೆ ತಲೆ ಕೆಟ್ಟಿದೆಯಾ?"

"ಹೊಟ್ಟೆ ಕೆಟ್ಟಿಲ್ಲ. ತಾ."

ಕೊಟ್ಟಳು. ಅವನು ಅಗಿಯುವುದನ್ನೇ ನೋಡುತ್ತ ನಿಂತಳು. ಅಣ್ಣ ಲಲ್ಲನ್‌ಗೆ ಅಮ್ಮನ ಹೆಸರಿನ ಆ ಮನೆ ಮಾರುವ ಆತುರ. ಇವಳು ಪಾಲು ಬಿಟ್ಟುಕೊಟ್ಟು ಹೆಬ್ಬೆಟ್ಟು ಒತ್ತದೆ ಆಗದು. ಅಮ್ಮನ ಚಿತೆ ಆರುವ ಮೊದಲೇ ಅವನ ಫೋನು ಶುರುವಾಗಿತ್ತು. ಹಾಲು ಕರೆಯುವ ಮೊದಲು ಹಸುವಿನ ಬೆನ್ನು ಸವರುತ್ತಾರಲ್ಲ, ಅಂಥ ಸವರಿಕೆ ಇದು ಅನ್ನಿಸಿತು ಅವಳಿಗೆ.

"ಲಲ್ಲನ್ ಕಳಿಸಿದ್ನಾ?"

"ಹೂಂ."

"ಹೆಬ್ಬೆಟ್ಟು ಕೇಳೋಕೆ?"

"ಅದಕ್ಕೇ."

"ಉಪ್ಪಿನಕಾಯಿ ಬೇಕಾದ್ರೆ ಕೇಳು, ಹಾಕ್ತೀನಿ. ಹೆಬ್ಬೆಟ್ಟು ಹಾಕಲ್ಲ."

ಮುದುಕ ನೀರು ಪೂರ್ತಿ ಕುಡಿದು ಲೋಟ ಇಟ್ಟ. "ಇನ್ನು ಕೇಳೋ ಹಾಗಿಲ್ಲ. ಕೊಟ್ಟ ಮಗಳ ಮನೇಲಿ ತಿನ್ನಬಾರದು. ತಿಂದಾಯ್ತು. ಅಂದ್ರೆ ನಿನ್ನ ನಾನು ಕೊಟ್ಟೇ ಇಲ್ಲ. ಆ ಮನೇಲಿ ಅವನಿಗೆಷ್ಟೋ ನಿಂಗೂ ಅಷ್ಟೇ."

ಅಪ್ಪನ ಮಾತಿನ ಆಯಸ್ಸು ಅವಳಿಗೆ ಗೊತ್ತು: ಗಂಗೆಯ ಸೇತುವೆ ದಾಟಿ, ಲಲ್ಲನ್ ದನಿ ಏರಿಸುವವರೆಗೆ.

"ಇದನ್ನ ಅವನೆದುರು ಹೇಳ್ತೀಯಾ? ಮೊಹಲ್ಲಾದವರ ಮುಂದೆ?"

ಅವನು ಖಾಲಿ ತಟ್ಟೆ ನೋಡಿದ. "ಹೇಳ್ತೀನಿ ಬಿಡು."

"ಬಿಡಲ್ಲ. ನಡಿ, ನಾನೂ ಬರ್ತೀನಿ."

ಚಪ್ಪಲಿ ಮೆಟ್ಟಿ, ಬಾಗಿಲಿಗೆ ಬೀಗ ಹಾಕಿ, ಅಪ್ಪನನ್ನು ಮುಂದೆ ಬಿಟ್ಟುಕೊಂಡು ಹೊರಟಳು. ಹಿಂದೆ ಬಿಟ್ಟರೆ ತಪ್ಪಿಸಿಕೊಂಡಾನು.

ಓದಿದವರು ಕಣ್ಣೊರೆಸಿಕೊಳ್ಳುವುದೇನೂ ಬೇಡ. ನಿಮ್ಮ ಮನೆಯ ಪಾಲಿನಲ್ಲಿ ಮಗಳ ಹೆಸರು, ತಂಗಿಯ ಹೆಸರು ಬರೆಸಿದ್ದೀರಾ? ಇಲ್ಲವಾದರೆ ಎದ್ದು ಹೋಗಿ ಬರೆಸಿ. ಇವತ್ತೇ, ನಾಲ್ಕು ಜನರ ಎದುರು.